ಅಟ್ಟದ ಮೇಲಿನ ಆ ಗೂಢಚಾರ ಅದಕ್ಕೂ ಮೊದಲು ಎಲ್ಲಿದ್ದರು?

ಪ್ರಶ್ನೆ: ‘ದಿ ಲೈವ್ಸ್ ಆಫ್ ಅದರ್ಸ್’ ಎಂಬ ಜರ್ಮನ್ ಚಿತ್ರ ನೋಡಿದೆ. ಅಟ್ಟದ ಮೇಲೆ ಹೆಡ್‌ಫೋನ್ ಹಾಕಿಕೊಂಡು ಕೂರುವ ಗೂಢಚಾರ ಅಧಿಕಾರಿಯ ಪಾತ್ರ ಮಾಡಿದ ಉಲ್ರಿಶ್ ಮ್ಯೂಹೆ ತಲೆಯಿಂದ ಹೋಗುತ್ತಲೇ ಇಲ್ಲ. ಆದರೆ ಹುಡುಕಿದರೆ ಎಲ್ಲ ಕಡೆ ಇದೊಂದೇ ಚಿತ್ರದ ಮಾತು. ಐವತ್ತು ದಾಟುವವರೆಗೆ ಈ ನಟ ಏನು ಮಾಡುತ್ತಿದ್ದರು? ಜರ್ಮನಿಯಲ್ಲಿ ಇಂಥ ನಟರ ಜೀವನ ಹೇಗೆ ಸಾಗುತ್ತದೆ? ಅವರ ಬೇರೆ ಕೆಲಸ ನೋಡಲು ಎಲ್ಲಿಂದ ಶುರು ಮಾಡಲಿ?

ಉತ್ತರ: ಅವರು ಎಲ್ಲೂ ಅಡಗಿ ಕೂತಿರಲಿಲ್ಲ. 2006ರ ಮಾರ್ಚ್‌ನಲ್ಲಿ ಆ ಚಿತ್ರ ತೆರೆಗೆ ಬರುವ ಹೊತ್ತಿಗೆ ಮ್ಯೂಹೆ ನಟನೆಯನ್ನೇ ಉಂಡು ಉಟ್ಟು 27 ವರ್ಷವಾಗಿತ್ತು. ಪೂರ್ವ ಬರ್ಲಿನ್ನಿನ ಅತಿ ಪ್ರತಿಷ್ಠಿತ ರಂಗಮಂದಿರದಲ್ಲಿ ಹ್ಯಾಮ್ಲೆಟ್ ಆಡಿದ್ದರು. ಜರ್ಮನ್ ಮನೆಗಳ ಟಿ.ವಿ.ಯಲ್ಲಿ ಎಂಟು ವರ್ಷದಿಂದ ಒಬ್ಬ ವಿಧಿವಿಜ್ಞಾನ ವೈದ್ಯನಾಗಿ ಬಂದು ಹೋಗುತ್ತಿದ್ದರು. ಆಸ್ಟ್ರಿಯಾದ ನಿರ್ದೇಶಕ ಮೈಕೇಲ್ ಹಾನೆಕೆಯ ಮೂರು ಕೃತಿಗಳಲ್ಲಿ ಮುಖ್ಯ ಪಾತ್ರ ಮಾಡಿದ್ದರು. ನಮಗೆ ಗೊತ್ತಾಗಲಿಲ್ಲ ಅಂದರೆ ಕಾರಣ ಸರಳ: ಜರ್ಮನ್ ನಟನ ದುಡಿಮೆಯ ಮುಕ್ಕಾಲು ಪಾಲು ನಡೆಯುವುದು ನಾಟಕಶಾಲೆಯಲ್ಲಿ ಮತ್ತು ಅಲ್ಲಿನ ಟಿ.ವಿ.ಯಲ್ಲಿ. ಅವೆರಡೂ ಗಡಿ ದಾಟುವುದು ಅಪರೂಪ. ದಾಟುವುದು ಸಿನಿಮಾ ಮಾತ್ರ, ಅದೂ ಹತ್ತರಲ್ಲಿ ಒಂದು. ಆದ್ದರಿಂದ ಹೊರಗಿನವರಿಗೆ ಇಂಥ ನಟರೆಲ್ಲ ವಯಸ್ಸಾದ ಮೇಲೆ ಇದ್ದಕ್ಕಿದ್ದಂತೆ ಉದ್ಭವಿಸಿದವರ ಹಾಗೆ ಕಾಣುತ್ತಾರೆ.

ಮೊದಲಿಂದ ನೋಡೋಣ. ಮ್ಯೂಹೆ ಹುಟ್ಟಿದ್ದು 1953ರ ಜೂನ್ 20ರಂದು, ಸ್ಯಾಕ್ಸನಿ ಪ್ರಾಂತದ ಗ್ರಿಮ್ಮಾ ಎಂಬ ಸಣ್ಣ ಊರಿನಲ್ಲಿ. ಅದು ಆಗ ಪೂರ್ವ ಜರ್ಮನಿ. ತಂದೆ ತುಪ್ಪಳದ ಉಡುಪು ಹೊಲಿಯುವ ಕಸುಬಿನವರು. ಶಾಲೆಯ ಜೊತೆಗೇ ಕಟ್ಟಡ ಕೆಲಸದ ತರಬೇತಿ, ಆಮೇಲೆ ಕಡ್ಡಾಯ ಸೈನ್ಯಸೇವೆ. ಸೇವೆಗೆ ಹಾಕಿದ್ದು ಗಡಿಪಡೆಗೆ, ಅಂದರೆ ಬರ್ಲಿನ್ ಗೋಡೆಯ ಕಾವಲಿಗೆ. ಹೊಟ್ಟೆಹುಣ್ಣು ಜೋರಾಗಿ ಅವಧಿಗೆ ಮುಂಚೆಯೇ ಬಿಡುಗಡೆಯಾಯಿತು. 1975ರಿಂದ 1979ರವರೆಗೆ ಲೈಪ್‌ಜಿಗ್‌ನ ‘ಹಾನ್ಸ್ ಒಟ್ಟೊ’ ರಂಗಶಾಲೆಯಲ್ಲಿ ಕಲಿಕೆ. ಆ ಶಾಲೆಯ ಪದ್ಧತಿಯಲ್ಲಿ ಅರ್ಧ ಪಾಠ ತರಗತಿಯಲ್ಲಿ, ಉಳಿದರ್ಧ ದಿನವೂ ಪ್ರದರ್ಶನ ನಡೆಸುವ ಒಂದು ನಾಟಕಶಾಲೆಯ ಒಳಗೆ. ಹೀಗಾಗಿ ಪದವಿ ಕೈಗೆ ಬರುವ ಮೊದಲೇ ಹುಡುಗರು ಹಲವು ಸಲ ಟಿಕೆಟ್ ಕೊಂಡ ಪ್ರೇಕ್ಷಕರ ಮುಂದೆ ನಿಂತಿರುತ್ತಿದ್ದರು. ಮ್ಯೂಹೆಗೆ ಮೊದಲ ಕೆಲಸ ಸಿಕ್ಕಿದ್ದು ಕಾರ್ಲ್ ಮಾರ್ಕ್ಸ್ ಸ್ಟಾಟ್ ಎಂಬ ಕೈಗಾರಿಕಾ ನಗರದ ನಾಟಕಶಾಲೆಯಲ್ಲಿ. ಈಗ ಆ ಊರಿನ ಹೆಸರು ಮತ್ತೆ ಕೆಮ್ನಿಟ್ಸ್.

ಇಲ್ಲಿ ಜರ್ಮನ್ ನಾಟಕಶಾಲೆಯ ವ್ಯವಸ್ಥೆಯನ್ನು ಸ್ವಲ್ಪ ಬಿಡಿಸಿ ಹೇಳಲೇಬೇಕು, ಇಲ್ಲದಿದ್ದರೆ ಈ ವೃತ್ತಿಯ ಲೆಕ್ಕಾಚಾರ ತಿಳಿಯುವುದಿಲ್ಲ. ಇವತ್ತಿಗೂ ಜರ್ಮನಿಯಲ್ಲಿ ಸರ್ಕಾರದ ಮತ್ತು ನಗರಸಭೆಗಳ ಹಣದಲ್ಲಿ ನಡೆಯುವ ಸುಮಾರು 140 ನಾಟಕಶಾಲೆಗಳಿವೆ. ಪ್ರತಿಯೊಂದಕ್ಕೂ ತನ್ನದೇ ಕಾಯಂ ನಟವರ್ಗ, ತಿಂಗಳ ಸಂಬಳ, ಪಿಂಚಣಿ. ಹಂಗಾಮು ಅಲ್ಲಿನ ಬೇಸಗೆಯ ಕೊನೆಗೆ, ಅಂದರೆ ಆಗಸ್ಟ್ ಸೆಪ್ಟೆಂಬರಿನಲ್ಲಿ ಶುರುವಾದರೆ ಮುಂದಿನ ಜುಲೈವರೆಗೆ. ಒಂದೇ ನಾಟಕವನ್ನು ತಿಂಗಳುಗಟ್ಟಲೆ ಓಡಿಸುವ ಕ್ರಮ ಅಲ್ಲಿಲ್ಲ. ಇವತ್ತು ಷಿಲ್ಲರ್, ನಾಳೆ ಚೆಕಾಫ್, ನಾಡಿದ್ದು ಮಕ್ಕಳ ನಾಟಕ. ಒಬ್ಬ ನಟ ಒಂದೇ ಹಂಗಾಮಿನಲ್ಲಿ ಐದಾರು ಪಾತ್ರಗಳನ್ನು ತಲೆಯಲ್ಲಿಟ್ಟುಕೊಂಡು, ಬೆಳಿಗ್ಗೆ ಹತ್ತಕ್ಕೆ ಹೊಸ ನಾಟಕದ ತಾಲೀಮು ಮಾಡಿ, ಸಂಜೆ ಹಳೆಯ ನಾಟಕ ಆಡುತ್ತಾನೆ. ನಮ್ಮ ಕಂಪನಿ ನಾಟಕದವರು ಕೇಳಿದರೆ ಇದರಲ್ಲಿ ಹೊಸತೇನು ಅನ್ನಬಹುದು. ಹೊಸತು ಸಂಬಳ.

ಆದರೆ ಆ ಸಂಬಳದ ಒಪ್ಪಂದ ವರ್ಷ ವರ್ಷದ್ದು. ಮುಂದಿನ ಹಂಗಾಮಿಗೆ ಬೇಡವೆಂದರೆ ಆಡಳಿತದವರು ಸಾಮಾನ್ಯವಾಗಿ ಈ ಹಂಗಾಮಿನ ಅಕ್ಟೋಬರ್ 31ರೊಳಗೆ ಬರವಣಿಗೆಯಲ್ಲಿ ತಿಳಿಸಬೇಕು, ಅದಕ್ಕೆ ಮೊದಲು ನಟನನ್ನು ಕರೆದು ಅವನ ಮಾತು ಕೇಳಬೇಕು. ತಿಳಿಸದಿದ್ದರೆ ಒಪ್ಪಂದ ತಾನಾಗಿ ಒಂದು ವರ್ಷ ಮುಂದಕ್ಕೆ ಹೋಗುತ್ತದೆ. ಒಂದೇ ಕಡೆ ಹದಿನೈದು ವರ್ಷ ದಾಟಿದವನನ್ನು ತೆಗೆಯುವುದು ಬಹಳ ಕಷ್ಟ. ಆದ್ದರಿಂದಲೇ ಅನೇಕರಿಗೆ ಆ ಗಡಿ ಮುಟ್ಟುವ ಸ್ವಲ್ಪ ಮೊದಲು ಪತ್ರ ಬರುತ್ತದೆ. ಹೊಸ ನಿರ್ದೇಶಕರು ಅಧಿಕಾರ ವಹಿಸಿಕೊಂಡಾಗಲಂತೂ ಅರ್ಧ ತಂಡವೇ ಬದಲಾಗುವುದುಂಟು. ನಲವತ್ತೈದರ ಆಸುಪಾಸಿನಲ್ಲಿ ಹೀಗೆ ಹೊರಗೆ ಬಿದ್ದವರೇ ಟಿ.ವಿ. ಧಾರಾವಾಹಿಗಳಲ್ಲಿ ನಿಮಗೆ ಕಾಣುವ ಆ ಅದ್ಭುತವಾದ, ಹೆಸರು ಗೊತ್ತಿಲ್ಲದ ಮುಖಗಳು.

ಮ್ಯೂಹೆಯ ದಾರಿ ಮೇಲ್ಮುಖವಾಗಿಯೇ ಹೋಯಿತು. ನಾಟಕಕಾರ ಹೈನರ್ ಮ್ಯುಲ್ಲರ್ 1982ರಲ್ಲಿ ಬರ್ಲಿನ್ನಿನ ಫೋಕ್ಸ್‌ಬ್ಯೂನೆ ರಂಗಮಂದಿರದಲ್ಲಿ ‘ಮ್ಯಾಕ್‌ಬೆತ್’ ಮಾಡಿಸುವಾಗ ಇವರನ್ನು ಕರೆಸಿಕೊಂಡರು. ಮರುವರ್ಷ ಡಾಯ್ಚೆಸ್ ಥಿಯೇಟರ್ ಸೇರಿದರು. ಪೂರ್ವ ಜರ್ಮನಿಯಲ್ಲಿ ನಟನೊಬ್ಬ ಏರಬಹುದಾದ ಮೆಟ್ಟಿಲುಗಳಲ್ಲಿ ಅದು ಕೊನೆಯದು. ಅಲ್ಲಿ ಇಬ್ಸನ್ನನ ‘ಗೋಸ್ಟ್ಸ್’, ಗಯಟೆಯ ‘ಎಗ್ಮಾಂಟ್’, ಲೆಸಿಂಗನ ‘ಫಿಲೋಟಾಸ್’. ಹಗಲು ಹೊತ್ತು ಪಾಟ್ಸ್‌ಡಾಮ್ ಬಾಬೆಲ್ಸ್‌ಬರ್ಗ್‌ನಲ್ಲಿದ್ದ ಡೆಫಾ ಸ್ಟುಡಿಯೋದಲ್ಲಿ ಚಿತ್ರೀಕರಣ, ಸಂಜೆಗೆ ಕಾರು ಹತ್ತಿ ಬರ್ಲಿನ್ನಿನ ರಂಗಕ್ಕೆ. ಆ ಕಾಲದ ಬರ್ಲಿನ್ ನಟರ ದಿನಚರಿಯೇ ಹೀಗಿತ್ತು. ಡೆಫಾ ಪೂರ್ವ ಜರ್ಮನಿಯ ಸರ್ಕಾರಿ ಚಿತ್ರಸಂಸ್ಥೆ. 1985ರಲ್ಲಿ ಅದು ತೆಗೆದ ‘ಹೆಲ್ಫ್ಟೆ ಡೆಸ್ ಲೇಬೆನ್ಸ್’ನಲ್ಲಿ ಮ್ಯೂಹೆ ಕವಿ ಹೋಲ್ಡರ್ಲಿನ್ ಆಗಿದ್ದರು. ಮನಸ್ಸಿನ ಸ್ಥಿಮಿತ ಮೆಲ್ಲಮೆಲ್ಲನೆ ತಪ್ಪುವ ಪಾತ್ರ. ಇಂಥ ಪಾತ್ರದಲ್ಲಿ ಹೆಚ್ಚಿನ ನಟರು ಕಣ್ಣು ತಿರುಗಿಸಿ ಕೂದಲು ಕೆದರಿಕೊಳ್ಳುತ್ತಾರೆ. ಇವರು ಮಾತಿನ ಮಧ್ಯದ ನಿಲುಗಡೆಯನ್ನು ಉದ್ದ ಮಾಡುತ್ತಾ ಹೋಗುತ್ತಾರೆ, ಅಷ್ಟೇ.

1989 ಬಂತು. ಪೂರ್ವ ಬರ್ಲಿನ್ನಿನ ರಂಗಕರ್ಮಿಗಳು ಆ ವರ್ಷ ಬರೀ ನಾಟಕ ಆಡಿಕೊಂಡಿರಲಿಲ್ಲ. ಪ್ರಕಾಶಕ ವಾಲ್ಟರ್ ಯಾಂಕಾ 1950ರ ದಶಕದಲ್ಲಿ ತನ್ನನ್ನು ಜೈಲಿಗೆ ಹಾಕಿದ ಕಥೆ ಬರೆದಿದ್ದರು; ಆ ಪುಸ್ತಕಕ್ಕೆ ಪೂರ್ವದಲ್ಲಿ ಪ್ರವೇಶವಿರಲಿಲ್ಲ. ಅಕ್ಟೋಬರ್ ಕೊನೆಗೆ ಡಾಯ್ಚೆಸ್ ಥಿಯೇಟರ್ ವೇದಿಕೆಯ ಮೇಲೆ ಅದನ್ನು ಜನರ ಮುಂದೆ ಓದಿದ್ದು ಮ್ಯೂಹೆ. ನವೆಂಬರ್ 4ರಂದು ಪೂರ್ವ ಬರ್ಲಿನ್ನಿನ ಅಲೆಕ್ಸಾಂಡರ್‌ಪ್ಲಾಟ್ಸ್ ಚೌಕದಲ್ಲಿ ಸೇರಿದ ಭಾರಿ ಸಭೆ ರಂಗಕರ್ಮಿಗಳೇ ಅನುಮತಿ ಕೇಳಿ ಏರ್ಪಡಿಸಿದ್ದು. ಅಲ್ಲಿ ಮಾತಾಡಿದವರಲ್ಲೂ ಇವರಿದ್ದರು. ಐದು ದಿನ ಬಿಟ್ಟು ಗೋಡೆ ತೆರೆಯಿತು. ಆಗ ಹೈನರ್ ಮ್ಯುಲ್ಲರ್ ‘ಹ್ಯಾಮ್ಲೆಟ್’ ಮತ್ತು ತಮ್ಮದೇ ‘ಹ್ಯಾಮ್ಲೆಟ್ ಮಷೀನ್’ ಎರಡನ್ನೂ ಒಟ್ಟಿಗೆ ಹೆಣೆದು ತಾಲೀಮು ಮಾಡಿಸುತ್ತಿದ್ದರು, ಹ್ಯಾಮ್ಲೆಟ್ ಆಗಿ ಮ್ಯೂಹೆ. ತಾಲೀಮು ಶುರುವಾದಾಗ ಇದ್ದ ರಾಜ್ಯ 1990ರ ಮಾರ್ಚ್‌ನಲ್ಲಿ ಮೊದಲ ಪ್ರದರ್ಶನದ ಹೊತ್ತಿಗೆ ಕುಸಿದು ಹೋಗಿತ್ತು. ಎರಡು ಜರ್ಮನಿಗಳ ಏಕೀಕರಣಕ್ಕೆ ದಾರಿ ಮಾಡಿದ ಚುನಾವಣೆ ಮುಗಿದು ವಾರವೂ ಆಗಿರಲಿಲ್ಲ. ಪ್ರದರ್ಶನ ಏಳೆಂಟು ಗಂಟೆಯದು. ಕೊಳೆತ ರಾಜ್ಯದ ರಾಜಕುಮಾರನ ಪಾತ್ರವನ್ನು ಅಂಥ ವಾರದಲ್ಲಿ ಆಡುವ ಯೋಗ ಬೇರೆ ಯಾವ ನಟನಿಗೂ ಬಂದಿರಲಿಕ್ಕಿಲ್ಲ. ದೀರ್ಘ ಮೌನ, ಆಲಿಸುತ್ತಾ ನಿಲ್ಲುವುದು, ಮಾತಿಗೆ ಭಾವ ಬಳಿಯದೆ ಅಕ್ಷರ ಅಕ್ಷರ ಸ್ಪಷ್ಟವಾಗಿ ಇಡುವುದು: ಅಟ್ಟದ ಮೇಲೆ ನೀವು ನೋಡಿದ್ದೆಲ್ಲ ಮ್ಯುಲ್ಲರ್ ಜೊತೆ ಕೆಲಸ ಮಾಡಿದ ವರ್ಷಗಳಲ್ಲಿ ಹದಗೊಂಡದ್ದು.

ಪೂರ್ವದ ನಟರಿಗೆ ಏಕೀಕರಣದ ನಂತರದ ಕಾಲ ಸುಲಭದ್ದಾಗಿರಲಿಲ್ಲ. ಡೆಫಾ 1992ರಲ್ಲಿ ಮಾರಾಟವಾಯಿತು. ಪೂರ್ವದ ಟಿ.ವಿ. ಅದಕ್ಕೂ ಮೊದಲೇ, 1991ರ ಕೊನೆಗೆ ಬಂದ್. ಅಲ್ಲಿ ಮನೆಮಾತಾಗಿದ್ದವರು ಪಶ್ಚಿಮದಲ್ಲಿ ಯಾರಿಗೂ ಗೊತ್ತಿಲ್ಲದವರಾಗಿ ಹೋದರು. ಮ್ಯೂಹೆಗೆ ಅಷ್ಟು ಪೆಟ್ಟು ಬೀಳಲಿಲ್ಲ. ಯಾಕೆಂದರೆ ಪಶ್ಚಿಮದ ನಿರ್ದೇಶಕ ಬರ್ನ್‌ಹಾರ್ಡ್ ವಿಕಿ ‘ದಾಸ್ ಸ್ಪಿನ್ನೆನ್‌ನೆಟ್ಸ್’ ಚಿತ್ರಕ್ಕೆ ಇವರನ್ನು ಆಗಲೇ ಆರಿಸಿಯಾಗಿತ್ತು. ಜೋಸೆಫ್ ರೋತ್‌ನ ಕಾದಂಬರಿ ಆಧಾರಿತ, ಮೂರು ಗಂಟೆಗೂ ಮೀರಿದ ಚಿತ್ರ. 1989ರ ಕಾನ್ ಚಿತ್ರೋತ್ಸವದ ಸ್ಪರ್ಧೆಯಲ್ಲಿತ್ತು. ಮೊದಲ ಮಹಾಯುದ್ಧ ಸೋತು ಬಂದ ಒಬ್ಬ ಸಾಮಾನ್ಯ ಲೆಫ್ಟಿನೆಂಟ್ ಬಲಪಂಥೀಯ ರಹಸ್ಯ ಸಂಘಟನೆ ಸೇರಿ, ಒಬ್ಬೊಬ್ಬರನ್ನೇ ತುಳಿದು ಮೇಲೇರುವ ಕಥೆ. ಅವನು ರಾಕ್ಷಸನಲ್ಲ, ಬಡ್ತಿಗಾಗಿ ಏನನ್ನೂ ಮಾಡಬಲ್ಲ ಗುಮಾಸ್ತ. ಮ್ಯೂಹೆ ಮುಂದೆ ಆಡಿದ ಅಧಿಕಾರಿ ಪಾತ್ರಗಳ ಬೇರು ಇಲ್ಲಿದೆ.

ಹಾನೆಕೆಯ ಚಿತ್ರಗಳ ಬಗ್ಗೆ ಎಚ್ಚರಿಕೆ ಕೊಟ್ಟೇ ಹೇಳಬೇಕು. ಮನೆಯವರೆಲ್ಲ ಕೂತು ನೋಡುವಂಥವಲ್ಲ. ‘ಬೆನ್ನೀಸ್ ವಿಡಿಯೋ’ (1992): ಹದಿಹರೆಯದ ಮಗ ಒಬ್ಬ ಹುಡುಗಿಯನ್ನು ಕೊಂದಿದ್ದಾನೆ, ವಿಡಿಯೋ ಮೂಲಕ ಅಪ್ಪ ಅಮ್ಮನಿಗೆ ಗೊತ್ತಾಗುತ್ತದೆ. ಅಪ್ಪನಾದ ಮ್ಯೂಹೆ ಕಿರುಚುವುದಿಲ್ಲ, ಹೊಡೆಯುವುದಿಲ್ಲ. ಕೂತು ಹೆಂಡತಿಯ ಜೊತೆ ಹೆಣವನ್ನು ಹೇಗೆ ಇಲ್ಲವಾಗಿಸುವುದು ಎಂದು ಸಾಧ್ಯತೆಗಳನ್ನು ಒಂದೊಂದಾಗಿ ತೂಗುತ್ತಾರೆ, ಮನೆ ರಿಪೇರಿಗೆ ಕಂಟ್ರಾಕ್ಟರನ ಜೊತೆ ಮಾತಾಡುವ ದನಿಯಲ್ಲಿ. ಆ ದನಿಯೇ ಚಿತ್ರದ ಭಯ. ‘ಫನ್ನಿ ಗೇಮ್ಸ್’ (1997): ರಜೆಯ ಮನೆಗೆ ನುಗ್ಗಿದ ಇಬ್ಬರು ಸಭ್ಯ ಯುವಕರು ಕುಟುಂಬವನ್ನು ಚಿತ್ರಹಿಂಸೆಗೆ ಗುರಿಮಾಡುತ್ತಾರೆ. ಗಾಲ್ಫ್ ದಂಡದಿಂದ ಅಪ್ಪನ ಕಾಲು ಮುರಿಯುವುದು ಶುರುವಿನಲ್ಲೇ. ಅಲ್ಲಿಂದ ಮ್ಯೂಹೆಗೆ ಎದ್ದು ಓಡಾಡುವ ಅವಕಾಶವಿಲ್ಲ. ನಟನ ಅರ್ಧ ಬಲವೇ ಕಿತ್ತುಕೊಂಡ ಹಾಗೆ. ನಡುವೆ ಸುಮಾರು 10 ನಿಮಿಷದ ಒಂದೇ ಶಾಟ್ ಬರುತ್ತದೆ, ಕ್ಯಾಮೆರಾ ಬಹುಪಾಲು ಅಲುಗಾಡದೆ ದೂರದಲ್ಲೇ ಇರುತ್ತದೆ. ಸರ್ವನಾಶವಾದ ಮೇಲೆ ಗಂಡ ಹೆಂಡತಿ ಇಬ್ಬರೇ. ಹೆಂಡತಿಯ ಪಾತ್ರದಲ್ಲಿ ಸುಸಾನ್ನೆ ಲೋಥರ್, ನಿಜಜೀವನದಲ್ಲೂ ಮ್ಯೂಹೆಯ ಪತ್ನಿ. ಅದೇ ವರ್ಷ ಕಾಫ್ಕಾನ ‘ದಾಸ್ ಷ್ಲಾಸ್’ ಕಾದಂಬರಿಯನ್ನು ಹಾನೆಕೆ ಟಿ.ವಿ.ಗಾಗಿ ತೆಗೆದರು. ಇದರಲ್ಲೂ ಇವರಿಬ್ಬರೇ: ಮ್ಯೂಹೆ ಭೂಮಾಪಕ ‘ಕೆ’, ಲೋಥರ್ ಫ್ರೀಡಾ. ಕಾಫ್ಕಾ ಮುಗಿಸದೆ ಬಿಟ್ಟ ಜಾಗದಲ್ಲೇ ಚಿತ್ರವೂ ನಿಂತು ಬಿಡುತ್ತದೆ, ಡಿಸ್ಕ್ ಕೆಟ್ಟಿದೆ ಅಂದುಕೊಳ್ಳಬೇಡಿ.

ಹಾಗಂತ ಸದಾ ಗಂಭೀರ ಪಾತ್ರವೇ ಅಲ್ಲ. ‘ಷ್ಟೋಂಕ್’ (1992) ಭರ್ಜರಿ ವಿಡಂಬನೆ. 1983ರಲ್ಲಿ ‘ಷ್ಟೆರ್ನ್’ ವಾರಪತ್ರಿಕೆ ಹಿಟ್ಲರನ ನಕಲಿ ದಿನಚರಿಗಳನ್ನು ಅಸಲಿಯೆಂದು ನಂಬಿ ಕೋಟಿಗಟ್ಟಲೆ ಸುರಿದು ನಗೆಪಾಟಲಾದ ಪ್ರಸಂಗ ಅದಕ್ಕೆ ಆಧಾರ. ಮ್ಯೂಹೆ ಅದರಲ್ಲಿ ಪ್ರಕಾಶನ ಸಂಸ್ಥೆಯ ಯಜಮಾನಿಕೆಯವರಲ್ಲೊಬ್ಬ. ನಕಲಿ ಪುಸ್ತಕವನ್ನು ದೇವರ ಪ್ರಸಾದದ ಹಾಗೆ ಹಿಡಿದುಕೊಳ್ಳುವ ಸೂಟುಧಾರಿ. 1995ರ ‘ರೆನ್‌ಷ್ವೈನ್ ರೂಡಿ ರ್ಯುಸೆಲ್’ ಮಕ್ಕಳ ಚಿತ್ರ. ಮನೆಗೆ ಬಂದ ಹಂದಿಮರಿ ಓಟದ ಹಂದಿಯಾಗುವ ಕಥೆಯಲ್ಲಿ ಪರದಾಡುವ ಅಪ್ಪ. ‘ಬೆನ್ನೀಸ್ ವಿಡಿಯೋ’ದ ಅಪ್ಪನೂ ಇವರೇ, ಈ ಅಪ್ಪನೂ ಇವರೇ, ನಡುವೆ ಮೂರೇ ವರ್ಷ. 2001ರ ಟಿ.ವಿ. ಚಿತ್ರ ‘ಗೋಬೆಲ್ಸ್ ಉಂಡ್ ಗೆಡುಲ್ಡಿಗ್’ನಲ್ಲಿ ದ್ವಿಪಾತ್ರ: ನಾಜಿ ಪ್ರಚಾರ ಮಂತ್ರಿ ಗೋಬೆಲ್ಸ್, ಮತ್ತು ಅವನನ್ನೇ ಹೋಲುವ ಒಬ್ಬ ಯಹೂದಿ.

ಇನ್ನು ಹೊಟ್ಟೆಪಾಡಿನ ವಿಷಯ. ಜರ್ಮನಿಯಲ್ಲಿ ಸಿನಿಮಾ, ಟಿ.ವಿ. ನಟರಿಗೆ ದುಡ್ಡು ಎಣಿಸುವುದು ಚಿತ್ರೀಕರಣದ ದಿನದ ಲೆಕ್ಕದಲ್ಲಿ. ಒಂದೂವರೆ ಗಂಟೆಯ ಪತ್ತೇದಾರಿ ಟಿ.ವಿ. ಚಿತ್ರದಲ್ಲಿ ಮುಖ್ಯ ಆರೋಪಿಯ ಪಾತ್ರ ಸಿಕ್ಕರೂ ಸಿಗುವುದು ಎಂಟು ಹತ್ತು ದಿನದ ಕೆಲಸವಿರಬಹುದು. ಮಾತು ಕಲಿಯುವುದು, ಪ್ರಯಾಣ, ಉಡುಪಿನ ಅಳತೆ ಇವೆಲ್ಲ ಆ ದಿನಗಳ ದುಡ್ಡಿನಲ್ಲೇ ಅಡಕ. ವರ್ಷಕ್ಕೆ ಇಂಥವು ಮೂರು ನಾಲ್ಕು ಸಿಕ್ಕರೆ ಪುಣ್ಯ. ಉಳಿದದ್ದಕ್ಕೆ ರೇಡಿಯೋ ನಾಟಕ, ಧ್ವನಿಪುಸ್ತಕ, ಕಂಠದಾನ. ಹೊರದೇಶದ ಚಿತ್ರಗಳು ಹೆಚ್ಚಾಗಿ ಜರ್ಮನ್ ದನಿಯಲ್ಲೇ ತೆರೆಗೆ ಬರುವ ಪದ್ಧತಿ ಇರುವುದರಿಂದ ಕಂಠದಾನ ಅಲ್ಲಿ ದೊಡ್ಡ ಆಸರೆ. ಇಂಥದರ ನಡುವೆ ವರ್ಷಗಟ್ಟಲೆ ಓಡುವ ಧಾರಾವಾಹಿಯೊಂದು ಕೈಗೆ ಬಂದರೆ ಅದು ಸರ್ಕಾರಿ ನೌಕರಿ ಸಿಕ್ಕ ಹಾಗೆ.

ಮ್ಯೂಹೆಗೆ ಸಿಕ್ಕಿದ್ದು ಜ಼ೆಡ್‌ಡಿಎಫ್ ವಾಹಿನಿಯ ‘ಡೆರ್ ಲೆಟ್ಸ್ಟೆ ತ್ಸೊಯ್ಗೆ’. 1998ರಿಂದ 2007ರವರೆಗೆ 73 ಕಂತು. ಪಾತ್ರ ಡಾ. ರಾಬರ್ಟ್ ಕೋಲ್ಮಾರ್, ಶವಪರೀಕ್ಷೆಯ ವೈದ್ಯ. ಕೊಲೆಯಾದವನ ದೇಹವೇ ಕೊನೆಯ ಸಾಕ್ಷಿ ಎಂಬುದು ಕಥೆಯ ತಳಹದಿ. ಒಂಬತ್ತು ಹತ್ತು ವರ್ಷಕ್ಕೆ 73 ಅಂದರೆ ವರ್ಷಕ್ಕೆ ಸರಾಸರಿ ಎಂಟು ಕಂತು. ಈ ಲೆಕ್ಕ ಮುಖ್ಯ. ನಮ್ಮ ದಿನವಹಿ ಧಾರಾವಾಹಿಯ ನಟ ತಿಂಗಳಿಗೆ ಇಪ್ಪತ್ತು ಇಪ್ಪತ್ತೈದು ದಿನ ಸೆಟ್ಟಿನಲ್ಲೇ ಕಳೆಯುತ್ತಾನೆ. ವರ್ಷಕ್ಕೆ ಎಂಟು ಕಂತಿನವನಿಗೆ ಕೆಲವು ತಿಂಗಳು ಬಿಟ್ಟರೆ ಉಳಿದ ಕಾಲ ತನ್ನದು. ಖಾತೆಗೆ ಖಚಿತವಾಗಿ ಹಣ ಬರುತ್ತಿದ್ದದ್ದರಿಂದಲೇ ಮ್ಯೂಹೆ 2004ರಲ್ಲಿ ಮ್ಯುಲ್ಲರನ ‘ಡೆರ್ ಔಫ್‌ಟ್ರಾಗ್’ ನಾಟಕವನ್ನು ಬರ್ಲಿನ್ನಿನಲ್ಲಿ ಸ್ವತಃ ನಿರ್ದೇಶಿಸಿದರು, 2005ರಲ್ಲಿ ಅಲ್ಲಿನ ಷೌಬ್ಯೂನೆ ರಂಗಮಂದಿರದಲ್ಲಿ ಬ್ರಿಟಿಷ್ ನಾಟಕಕಾರ್ತಿ ಸಾರಾ ಕೇನ್‌ಳ ಘೋರವಾದ ‘ಬ್ಲಾಸ್ಟೆಡ್’ ಆಡಿದರು, ಮತ್ತು ಇನ್ನೂ ಒಂದೂ ಪೂರ್ಣ ಚಿತ್ರ ಮಾಡಿರದ ಫ್ಲೋರಿಯಾನ್ ಹೆಂಕೆಲ್ ಫಾನ್ ಡೊನ್ನರ್ಸ್‌ಮಾರ್ಕ್ ಎಂಬ ಹೊಸ ನಿರ್ದೇಶಕನ ಸಣ್ಣ ಬಜೆಟ್ಟಿನ ಚಿತ್ರ ಒಪ್ಪಿಕೊಂಡರು.

ಧಾರಾವಾಹಿಗೆ ಬೆಲೆಯನ್ನೂ ತೆರಬೇಕಾಗುತ್ತದೆ. ‘ಡೆರಿಕ್’ ಪತ್ತೇದಾರಿ ಸರಣಿಯಲ್ಲಿ ಹಾರ್ಸ್ಟ್ ಟಾಪರ್ಟ್ 1974ರಿಂದ 1998ರವರೆಗೆ 281 ಕಂತು ಮಾಡಿದರು. ಆಮೇಲೆ ಅವರು ಏನು ಹಾಕಿಕೊಂಡರೂ ಜನರಿಗೆ ಕಂಡದ್ದು ಇನ್‌ಸ್ಪೆಕ್ಟರ್ ಡೆರಿಕ್ ಮಾತ್ರ. ಕೋಲ್ಮಾರ್ ಪಾತ್ರ ಮ್ಯೂಹೆಯನ್ನು ಹಾಗೆ ನುಂಗಲಿಲ್ಲ; ಕಂತು ಕಡಿಮೆ, ನಡುನಡುವೆ ರಂಗ ಬಿಡಲಿಲ್ಲ, ಮತ್ತು ಸಿನಿಮಾದಲ್ಲಿ ಉದ್ದೇಶಪೂರ್ವಕವಾಗಿ ಎದುರು ದಿಕ್ಕಿನ ಪಾತ್ರ ಹಿಡಿದರು. ನಿರ್ದೇಶಕ ಕೋಸ್ಟಾ ಗಾವ್ರಾಸ್‌ನ ‘ಆಮೆನ್’ (2002) ನೋಡಿ: ಹೆಸರೇ ಇಲ್ಲದ, ಬರೀ ‘ಡಾಕ್ಟರ್’ ಎನಿಸಿಕೊಳ್ಳುವ ನಾಜಿ ಅಧಿಕಾರಿ. ಅದೇ ವರ್ಷಗಳಲ್ಲಿ ಟಿ.ವಿ.ಯಲ್ಲಿ ಜನ ಮೆಚ್ಚಿದ ಒಳ್ಳೆಯ ಡಾಕ್ಟರ್. ಇನ್ನೊಂದು ಸ್ವಾರಸ್ಯ, ‘ಲೈವ್ಸ್ ಆಫ್ ಅದರ್ಸ್’ನ ಮೂವರು ಮುಖ್ಯ ನಟರು, ಅಂದರೆ ಮ್ಯೂಹೆ, ಉಲ್ರಿಶ್ ಟುಕುರ್ ಮತ್ತು ಸೆಬಾಸ್ಟಿಯಾನ್ ಕಾಖ್, ‘ಆಮೆನ್’ನಲ್ಲೂ ಇದ್ದಾರೆ.

ಈಗ ನಿಮ್ಮ ತಲೆಯಿಂದ ಹೋಗದ ಆ ಚಿತ್ರಕ್ಕೆ ಬರೋಣ. ಮ್ಯೂಹೆ ಆಡಿದ ಗೆರ್ಡ್ ವೀಸ್ಲರ್ ಪೂರ್ವ ಜರ್ಮನಿಯ ಗುಪ್ತಪೊಲೀಸ್ ‘ಷ್ಟಾಸಿ’ಯ ಕ್ಯಾಪ್ಟನ್. 1989ರಲ್ಲಿ ಆ ಇಲಾಖೆಗೆ ಸುಮಾರು 91,000 ಪೂರ್ಣಾವಧಿ ನೌಕರರಿದ್ದರು, ಮಾಹಿತಿದಾರರು ಬೇರೆ. ಮ್ಯೂಹೆ ಪಾತ್ರ ಕಟ್ಟಿರುವುದು ಸೇರಿಸುತ್ತಾ ಅಲ್ಲ, ಕಳೆಯುತ್ತಾ. ಬೂದು ಜಾಕೆಟ್, ಜಿಪ್ ಕತ್ತಿನವರೆಗೆ. ಕೈಗಳು ದೇಹಕ್ಕೆ ಅಂಟಿಕೊಂಡಿರುತ್ತವೆ, ನಡೆಯುವಾಗ ತಲೆ ಮೇಲೆ ಕೆಳಗೆ ಆಡುವುದಿಲ್ಲ. ವಿಚಾರಣೆಯ ದೃಶ್ಯದಲ್ಲಿ ಕೈದಿಯ ಅಂಗೈ ತೊಡೆಯ ಕೆಳಗಿರಬೇಕು ಎಂದು ಹೇಳುವಾಗ ದನಿ ಏರುವುದಿಲ್ಲ. ತರಗತಿಯಲ್ಲಿ ಒಬ್ಬ ವಿದ್ಯಾರ್ಥಿ ಇದು ಅಮಾನವೀಯವಲ್ಲವೇ ಎಂದು ಕೇಳಿದಾಗ ಉತ್ತರ ಕೊಡುತ್ತಲೇ ವಿದ್ಯಾರ್ಥಿಗಳ ಪಟ್ಟಿಯಲ್ಲಿ ಅವನ ಹೆಸರಿನ ಮೇಲೆ ಒಂದು ಗುರುತು ಹಾಕುತ್ತಾನೆ. ಮುಖದಲ್ಲಿ ಕೋಪವೂ ಇಲ್ಲ, ಖುಷಿಯೂ ಇಲ್ಲ. ಇಷ್ಟು ಖಾಲಿ ಮಾಡಿಟ್ಟ ಮೇಲೆ ಒಂದು ರೆಪ್ಪೆ ಅಲುಗಿದರೂ ಪ್ರೇಕ್ಷಕನಿಗೆ ಗೊತ್ತಾಗುತ್ತದೆ.

ಅದರ ಫಲ ಸಿಗುವುದು ಲಿಫ್ಟಿನ ದೃಶ್ಯದಲ್ಲಿ. ಚೆಂಡು ಹಿಡಿದ ಪುಟ್ಟ ಹುಡುಗ ಕೇಳುತ್ತಾನೆ, ನೀವು ಷ್ಟಾಸಿಯವರೇನಾ ಅಂತ. ಅವರು ಕೆಟ್ಟವರು, ಜನರನ್ನು ಜೈಲಿಗೆ ಹಾಕುತ್ತಾರೆಂದು ಅಪ್ಪ ಹೇಳಿದ್ದಾರೆ. ವೀಸ್ಲರ್ ಅಭ್ಯಾಸಬಲದಿಂದ ಬಾಯಿ ತೆರೆಯುತ್ತಾನೆ: ಏನು ಹೆಸರು, ನಿನ್ನ... ಅಲ್ಲಿ ನಿಲ್ಲುತ್ತಾನೆ. ಅಪ್ಪನ ಹೆಸರು ಕೇಳಿದರೆ ಅಪ್ಪ ಹೋದ. ಆ ಒಂದೆರಡು ಕ್ಷಣದಲ್ಲಿ ಇಪ್ಪತ್ತು ವರ್ಷದ ಕಸುಬು ಗಂಟಲಲ್ಲಿ ಸಿಕ್ಕಿಕೊಳ್ಳುತ್ತದೆ. ಆಮೇಲೆ: ನಿನ್ನ ಚೆಂಡಿನ ಹೆಸರು? ಹುಡುಗ ನಗುತ್ತಾನೆ, ಚೆಂಡಿಗೆ ಹೆಸರಿರುತ್ತಾ! ಈ ದೃಶ್ಯವನ್ನು ಒಮ್ಮೆ ಸದ್ದು ಮುಚ್ಚಿ ನೋಡಿ, ಇನ್ನೊಮ್ಮೆ ಕಣ್ಣು ಮುಚ್ಚಿ ಕೇಳಿ. ಸದ್ದಿಲ್ಲದಾಗ ಬಹುತೇಕ ಏನೂ ನಡೆಯುವುದಿಲ್ಲ. ಕಣ್ಣು ಮುಚ್ಚಿದಾಗ ಆ ನಿಲುಗಡೆಯ ತೂಕ ಗೊತ್ತಾಗುತ್ತದೆ. ಸಿನಿಮಾ ನಟರು ಮುಖದಿಂದ ಮಾಡುವುದನ್ನು ರಂಗದಿಂದ ಬಂದವರು ಕಾಲದಿಂದ ಮಾಡುತ್ತಾರೆ ಎನ್ನಲು ಇದಕ್ಕಿಂತ ಒಳ್ಳೆಯ ಪುರಾವೆ ನಾನು ಕೊಡಲಾರೆ. ತಾನು ಕದ್ದು ಕೇಳುತ್ತಿದ್ದ ನಾಟಕಕಾರನ ಮನೆಯಿಂದ ವೀಸ್ಲರ್ ಕದ್ದು ತಂದು ಸೋಫಾದ ಮೇಲೆ ಮಲಗಿ ಓದುವುದು ಜರ್ಮನ್ ಕವಿ, ನಾಟಕಕಾರ ಬ್ರೆಖ್ಟ್‌ನ ಪದ್ಯಗಳನ್ನು. ಬ್ರೆಖ್ಟ್ ನಾಟಕ ಆಡಿಯೋ ನೋಡಿಯೋ ಬಲ್ಲ ನಮ್ಮ ಹವ್ಯಾಸಿ ರಂಗದವರಿಗೆ ಆ ಜಾಗದಲ್ಲಿ ಇನ್ನೊಂದು ಪದರ ಸಿಗುತ್ತದೆ.

ಒಂದು ತಪ್ಪುಗ್ರಹಿಕೆ ಎಲ್ಲ ಕಡೆ ಹಬ್ಬಿದೆ: ಈ ಪಾತ್ರ ಅವರ ಸ್ವಂತ ಬದುಕಿನ ಕಥೆ ಅಂತ. ತಮ್ಮ ಮೇಲೂ ನಿಗಾ ಇತ್ತು, ರಂಗದ ಸಹನಟರೇ ವರದಿ ಕೊಡುತ್ತಿದ್ದರು ಎಂದು ಮ್ಯೂಹೆ ಹೇಳಿದ್ದು ನಿಜ. ಚಿತ್ರದ ಜೊತೆ ಬಂದ ಪುಸ್ತಕದ ಸಂದರ್ಶನದಲ್ಲಿ ಮಾಜಿ ಪತ್ನಿ, ನಟಿ ಯೆನ್ನಿ ಗ್ರೋಲ್ಮನ್ ಬಗ್ಗೆಯೂ ಅಂಥದೇ ಮಾತಾಡಿದರು. ಆಕೆ ಖಡಾಖಂಡಿತವಾಗಿ ಅಲ್ಲಗಳೆದು ನ್ಯಾಯಾಲಯಕ್ಕೆ ಹೋದರು. ಆ ಮಾತನ್ನು ಮತ್ತೆ ಹೇಳಕೂಡದೆಂದು ನ್ಯಾಯಾಲಯ ತಡೆಯಿತು. ಹಾಗಾಗಿ ಅದನ್ನು ಸತ್ಯವೆಂದು ಹಂಚಿಕೊಳ್ಳಬೇಡಿ. ವೀಸ್ಲರ್ ಬರಹಗಾರನ ಕಲ್ಪನೆಯ ಪಾತ್ರ, ಇಂಥ ಅಧಿಕಾರಿ ಒಬ್ಬನಾದರೂ ಇದ್ದನೇ ಎಂಬ ತಕರಾರು ಜರ್ಮನಿಯಲ್ಲೇ ಜೋರಾಗಿ ನಡೆದಿದೆ.

ಚಿತ್ರಕ್ಕೆ ಜರ್ಮನ್ ಚಲನಚಿತ್ರ ಪ್ರಶಸ್ತಿಗಳು ಏಳು ಬಂದವು, ಅದರಲ್ಲಿ ಶ್ರೇಷ್ಠ ನಟ ಮ್ಯೂಹೆ. ವರ್ಷದ ಕೊನೆಗೆ ಯುರೋಪಿಯನ್ ಫಿಲ್ಮ್ ಅವಾರ್ಡ್ ಕೂಡ ಅವರಿಗೇ. 2007ರ ಜನವರಿಯಲ್ಲಿ ‘ಮೈನ್ ಫ್ಯೂರರ್’ ಎಂಬ ಹಾಸ್ಯ ಚಿತ್ರ ಬಂತು; ಹಿಟ್ಲರನಿಗೆ ಭಾಷಣ ಕಲಿಸಲು ಸೆರೆಶಿಬಿರದಿಂದ ಎಳೆದು ತಂದ ಯಹೂದಿ ನಟನ ಪಾತ್ರ. ಫೆಬ್ರವರಿ 25ಕ್ಕೆ ‘ಲೈವ್ಸ್ ಆಫ್ ಅದರ್ಸ್’ಗೆ ವಿದೇಶಿ ಭಾಷಾ ಚಿತ್ರದ ಆಸ್ಕರ್. ಜುಲೈ 22ಕ್ಕೆ ಹೊಟ್ಟೆಯ ಕ್ಯಾನ್ಸರ್‌ನಿಂದ ಮ್ಯೂಹೆ ತೀರಿಕೊಂಡರು, 54ನೇ ವಯಸ್ಸಿನಲ್ಲಿ. ಹೊರದೇಶದ ಕರೆಗಳು ಬರಬೇಕಾದ ಕಾಲವೇ ಅವರಿಗೆ ಸಿಗಲಿಲ್ಲ. ಪೂರ್ವ ಜರ್ಮನಿಯ ರಂಗದಿಂದಲೇ ಬಂದ ಹಿರಿಯ ನಟ ಆರ್ಮಿನ್ ಮ್ಯುಲ್ಲರ್ ಷ್ಟಾಲ್ 1980ರಲ್ಲಿ ಪಶ್ಚಿಮಕ್ಕೆ ಹೋಗಿ, ಅರವತ್ತರ ಹತ್ತಿರ ಹಾಲಿವುಡ್ ಸೇರಿ ‘ಷೈನ್’ ಚಿತ್ರಕ್ಕೆ ಆಸ್ಕರ್ ನಾಮನಿರ್ದೇಶನದವರೆಗೆ ಹೋದರು. ಆ ದಾರಿ ಮ್ಯೂಹೆಗೂ ತೆರೆದಿತ್ತು ಎಂದು ಊಹಿಸಲು ಅಡ್ಡಿಯಿಲ್ಲ.

ಎಲ್ಲಿಂದ ಶುರು ಮಾಡುವುದು? ನನ್ನ ಸಲಹೆ ‘ಷ್ಟೋಂಕ್’ನಿಂದ. ವೀಸ್ಲರ್ ಆದ ಮೇಲೆ ಮೊದಲು ಅವರು ನಗಿಸುವುದನ್ನು ನೋಡಿ, ಆಗ ಆ ಗಾಂಭೀರ್ಯ ಹುಟ್ಟುಗುಣವಲ್ಲ, ಕಟ್ಟಿದ್ದು ಎಂದು ಗೊತ್ತಾಗುತ್ತದೆ. ಆಮೇಲೆ ‘ದಾಸ್ ಷ್ಲಾಸ್’, ಆಮೇಲೆ ‘ಆಮೆನ್’. ‘ಸ್ಪಿನ್ನೆನ್‌ನೆಟ್ಸ್’ಗೆ ಒಂದು ಭಾನುವಾರವನ್ನೇ ತೆಗೆದಿಡಬೇಕು, ಅದಕ್ಕೆ ಮೊದಲು 1918ರಿಂದ 1923ರ ಜರ್ಮನಿಯ ಬಗ್ಗೆ ಎರಡು ಪುಟ ಓದಿಕೊಳ್ಳಿ, ಇಲ್ಲದಿದ್ದರೆ ಯಾರು ಯಾರನ್ನು ಯಾಕೆ ಕೊಲ್ಲುತ್ತಿದ್ದಾರೆಂದೇ ತಿಳಿಯುವುದಿಲ್ಲ. ಹಾನೆಕೆಯ ಉಳಿದೆರಡು ಕೊನೆಗೆ, ಮನಸ್ಸು ಗಟ್ಟಿ ಇರುವ ದಿನ.

ಹುಡುಕುವಾಗ ಎಡವುವ ಜಾಗಗಳಿವೆ. ‘ಫನ್ನಿ ಗೇಮ್ಸ್’ ಎರಡಿವೆ. 2007ರದ್ದು ಅದೇ ಹಾನೆಕೆ ಅಮೆರಿಕದಲ್ಲಿ ಇಂಗ್ಲಿಷ್ ಮಾತಾಡುವ ನಟರೊಂದಿಗೆ ಶಾಟ್ ಶಾಟ್ ಹಾಗೇ ಮತ್ತೆ ತೆಗೆದದ್ದು, ಅದರಲ್ಲಿ ಮ್ಯೂಹೆ ಇಲ್ಲ. 1997 ಎಂಬ ಇಸವಿ ನೋಡಿಯೇ ಒತ್ತಿ. ಉಲ್ರಿಶ್ ಟುಕುರ್ ಬೇರೆ ನಟ, ‘ಲೈವ್ಸ್ ಆಫ್ ಅದರ್ಸ್’ನಲ್ಲಿ ವೀಸ್ಲರನ ಮೇಲಧಿಕಾರಿ, ಹೆಸರಿನ ಮೊದಲರ್ಧ ಒಂದೇ ಆದ್ದರಿಂದ ಇಬ್ಬರ ಚಿತ್ರಪಟ್ಟಿ ಕಲಸಿಹೋಗುತ್ತದೆ. ಮ್ಯೂಹೆ ಹೆಸರಿನ ರೋಮನ್ ಕಾಗುಣಿತದಲ್ಲಿ ‘ಯು’ ಮೇಲೆ ಎರಡು ಚುಕ್ಕಿ ಇದೆ. ಚುಕ್ಕಿ ಹಾಕಲು ಬಾರದ ಪಟ್ಟಿಗಳಲ್ಲಿ ‘ಯು’ ನಂತರ ಒಂದು ‘ಇ’ ಸೇರಿಸಿರುತ್ತಾರೆ, ಆದ್ದರಿಂದ ಎರಡೂ ರೀತಿ ಬರೆದು ಹುಡುಕಿ. ಇಂಗ್ಲಿಷ್ ದನಿ ಸೇರಿಸಿದ ಆವೃತ್ತಿ ಸಿಕ್ಕರೆ ಬಿಟ್ಟುಬಿಡಿ. ಈ ನಟನ ಕೆಲಸ ಮಾತಿನ ವೇಗದಲ್ಲಿ, ತಡೆಯಲ್ಲಿ ಇರುವುದರಿಂದ ಬೇರೆಯವರ ದನಿ ಬಂದರೆ ಅರ್ಧಕ್ಕಿಂತ ಹೆಚ್ಚು ಹೋಯಿತು. ಜರ್ಮನ್ ದನಿ, ಕೆಳಗೆ ಉಪಶೀರ್ಷಿಕೆ.

‘ಡೆರ್ ಲೆಟ್ಸ್ಟೆ ತ್ಸೊಯ್ಗೆ’ ಕಂತುಗಳು ಜರ್ಮನಿಯಲ್ಲಿ ಡಿವಿಡಿ ಆಗಿ ಬಂದಿವೆ, ಆದರೆ ಹೊರಗಿನವರಿಗೆಂದು ಮಾಡಿದ್ದಲ್ಲ. ಜರ್ಮನ್ ಬಾರದಿದ್ದರೆ ಕಷ್ಟ. ಬೆಂಗಳೂರಿನಲ್ಲಿದ್ದರೆ ಇಂದಿರಾನಗರದ ಮ್ಯಾಕ್ಸ್ ಮುಲ್ಲರ್ ಭವನದ ಗ್ರಂಥಾಲಯದಲ್ಲಿ ಜರ್ಮನ್ ಚಿತ್ರಗಳ ಬಗ್ಗೆ ವಿಚಾರಿಸಿ. ಭಾಷೆ ಕಲಿಯುತ್ತಿರುವವರಿಗೆ ಈ ಧಾರಾವಾಹಿ ಒಳ್ಳೆಯ ಪಾಠವೂ ಹೌದು, ಯಾಕೆಂದರೆ ಮ್ಯೂಹೆಯ ಉಚ್ಚಾರ ಅತಿ ಸ್ಪಷ್ಟ, ವಾಕ್ಯಗಳು ಚಿಕ್ಕವು. ಶವಪರೀಕ್ಷೆಯ ಪದಗಳು ಮಾತ್ರ ಮೊದಲ ನಾಲ್ಕೈದು ಕಂತು ಕಾಡುತ್ತವೆ, ಆಮೇಲೆ ಅವೇ ಮತ್ತೆ ಮತ್ತೆ ಬರುತ್ತವೆ.